ಮಾತು ಕಮ್ಮಿ, ಮಾರ್ಕು ಜಾಸ್ತಿ!

ಹೀರೋಯಿನ್ ಅಂದ ಮೇಲೆ ಬಳುಕುವ ನಡು, ಬಟ್ಟಲುಗಣ್ಣು, ಪುಟಗಟ್ಟಲೆ ಡೈಲಾಗು... ಇದೇ ತಾನೆ ನಿಮ್ಮ ಲೆಕ್ಕ? ಈ ವಾರದ ತಾರೆಗೆ ಇದ್ಯಾವುದರ ಹಂಗೂ ಇಲ್ಲ ಗೆಳೆಯರೇ! ಸಪ್ಪೆ ಮುಖ, ಸಾದಾ ಕೋಟು, ಬಾಯಿ ಬಿಟ್ಟರೆ ನಾಲ್ಕೇ ಮಾತು.

ಹೆಸರು ಕಾತಿ ಔತಿನೆನ್. ಹುಟ್ಟಿದ್ದು 1961ರಲ್ಲಿ, ಫಿನ್ಲೆಂಡಿನ ಹೆಲ್ಸಿಂಕಿಯಲ್ಲಿ. 1980ರ ಚಿತ್ರವೊಂದರಲ್ಲಿ ಪೋಲಿ ಹುಡುಗರ ಜೊತೆಗಾತಿಯಾಗಿ ಹೆಸರು ಮಾಡಿದಳು. ನಾಟಕ, ಟಿ.ವಿ. ಎಲ್ಲವೂ ಇತ್ತು. ಆದರೆ ನಸೀಬು ತೆರೆದದ್ದು ನಿರ್ದೇಶಕ ಅಕಿ ಕೌರಿಸ್ಮಾಕಿಯ ಕಣ್ಣಿಗೆ ಬಿದ್ದ ಮೇಲೆಯೇ.

1986ರ 'ಶ್ಯಾಡೋಸ್ ಇನ್ ಪ್ಯಾರಡೈಸ್' ಚಿತ್ರದಲ್ಲಿ ಹೀರೋ ಕಸದ ಲಾರಿಯವನು, ಇವಳು ಅಂಗಡಿಯ ಕ್ಯಾಷಿಯರ್. ಡ್ಯುಯೆಟ್ಟೂ ಇಲ್ಲ, ಮರ ಸುತ್ತೋದೂ ಇಲ್ಲ. ಆ ಹೀರೋ ಮತ್ತಿ ಪೆಲ್ಲೊನ್‌ಪಾ. ಜೋತುಬಿದ್ದ ಮೀಸೆ, ಅದಕ್ಕಿಂತ ಜೋತುಬಿದ್ದ ಕಣ್ಣು. ಇಬ್ಬರೂ ಸುಮ್ಮನೆ ಅಕ್ಕಪಕ್ಕ ಕೂತರೆ ಸಾಕು, ಪ್ರೇಕ್ಷಕನ ಹೊಟ್ಟೆಯಲ್ಲಿ ಏನೋ ಕಲಕಿದ ಹಾಗೆ!

1990ರಲ್ಲಿ 'ಮ್ಯಾಚ್ ಫ್ಯಾಕ್ಟರಿ ಗರ್ಲ್'. ಬೆಂಕಿಪೊಟ್ಟಣದ ಕಾರ್ಖಾನೆಯ ಹುಡುಗಿ ಸಂಬಳದಲ್ಲಿ ಒಂದು ಕೆಂಪು ಫ್ರಾಕು ಕೊಂಡಳು, ಅಷ್ಟಕ್ಕೇ ಮನೆಯಲ್ಲಿ ಕೆನ್ನೆಗೆ ಏಟು. ಪ್ರೀತಿ ಅಂತ ನಂಬಿದವನೂ ಕೈಕೊಟ್ಟ. ಕೊನೆಗೆ ಅವಳು ಇಲಿ ಪಾಷಾಣ ತರುತ್ತಾಳೆ. ಮುಂದಿನದು ಹೇಳೋದಿಲ್ಲ ಬಿಡಿ! ಒಂದೂಕಾಲು ಗಂಟೆಯೂ ಇಲ್ಲದ ಈ ಚಿತ್ರದಲ್ಲಿ ಒಮ್ಮೆಯೂ ಚೀರದೆ ಎದೆ ನಡುಗಿಸುತ್ತಾಳೆ.

ಆದರೆ ನನ್ನ ಓಟು 'ಡ್ರಿಫ್ಟಿಂಗ್ ಕ್ಲೌಡ್ಸ್'ಗೆ. ಇದರ ಹಿಂದೆ ಒಂದು ನೋವಿನ ಕಥೆ ಇದೆ. ಕೆಲಸ ಕಳಕೊಂಡ ಹೋಟೆಲಿನ ಹೆಡ್ ವೇಟರ್ ಪಾತ್ರ ಪೆಲ್ಲೊನ್‌ಪಾಗೆಂದೇ ಯೋಚಿಸಿದ್ದು. 1995ರ ಜುಲೈನಲ್ಲಿ ಆತ ತೀರಿಕೊಂಡ. ವಯಸ್ಸು ಬರೀ 44! ನಿರ್ದೇಶಕ ಬೇರೆ ಗಂಡಸನ್ನು ಹುಡುಕಲಿಲ್ಲ. ಪಾತ್ರವನ್ನೇ ಹೆಣ್ಣಾಗಿಸಿ ಕಾತಿಯ ಕೈಗಿಟ್ಟ. ಗೆಳೆಯನ ಜಾಗದಲ್ಲಿ ನಿಂತು ನಟಿಸಬೇಕು, ಅಳುವ ಹಾಗೂ ಇಲ್ಲ! ಚಿತ್ರದಲ್ಲೊಂದು ಕಡೆ ಆ ಹೆಂಗಸು ಸತ್ತುಹೋದ ತನ್ನ ಮಗುವಿನ ಫೋಟೋ ನೋಡುತ್ತಾಳೆ. ಆ ಫೋಟೋ ಯಾರದು ಗೊತ್ತೇ? ಪೆಲ್ಲೊನ್‌ಪಾನ ಬಾಲ್ಯದ್ದು. ಗೊತ್ತಿಲ್ಲದವರಿಗೆ ಅದೊಂದು ಸಾಧಾರಣ ಸೀನು, ಗೊತ್ತಿದ್ದವರಿಗೆ ಗಂಟಲು ಕಟ್ಟುತ್ತದೆ. 1996ರಲ್ಲಿ ತೆರೆಕಂಡ ಚಿತ್ರವನ್ನು ಅವನಿಗೇ ಅರ್ಪಿಸಿದ್ದಾರೆ.

2002ರಲ್ಲಿ 'ದಿ ಮ್ಯಾನ್ ವಿದೌಟ್ ಎ ಪಾಸ್ಟ್'. ನೆನಪು ಕಳಕೊಂಡ ಅನಾಥನಿಗೆ ಸೂಪು ಬಡಿಸುವ ಸಾಲ್ವೇಷನ್ ಆರ್ಮಿ ಹೆಂಗಸಿನ ಪಾತ್ರಕ್ಕೆ ಕಾನ್ ಚಿತ್ರೋತ್ಸವದ ಶ್ರೇಷ್ಠ ನಟಿ ಪ್ರಶಸ್ತಿ! ಸುಂದರಿಯರ ಸಂತೆಯಲ್ಲಿ ನಲವತ್ತರ ಸಾದಾ ಹೆಂಗಸು ಬಹುಮಾನ ಹೊಡೆದುಕೊಂಡು ಬಂದಳು. ಮುಂದೆ ಹೆಲ್ಸಿಂಕಿಯ ನಾಟಕ ಅಕಾಡೆಮಿಯಲ್ಲಿ ಅಭಿನಯದ ಪ್ರೊಫೆಸರ್ ಆಗಿ ಹುಡುಗರಿಗೆ ಪಾಠವನ್ನೂ ಹೇಳಿದಳು. 2011ರ 'ಲೆ ಹಾವ್ರ್'ನಲ್ಲಿ ಬೂಟ್ ಪಾಲಿಷ್ ಮಾಡುವವನ ಹೆಂಡತಿಯಾಗಿ, ಫ್ರೆಂಚ್ ಮಾತಾಡುತ್ತಾ ಮತ್ತೆ ಬಂದಳು.

ಯಾವುದು ಮೊದಲು ನೋಡಲಿ ಅಂತೀರಾ? 'ಡ್ರಿಫ್ಟಿಂಗ್ ಕ್ಲೌಡ್ಸ್' ನೋಡಿ. ಆ ಫೋಟೋ ಸೀನು ಬರುವಾಗ ಮಾತ್ರ ಸಿಗರೇಟಿಗೆ ಅಂತ ಎದ್ದು ಹೋಗಬೇಡಿ!