ಕೇಳಿ, ಆಮೇಲೆ ರದ್ದು ಮಾಡಿ



ಕಳೆದ ತಿಂಗಳು ನಮ್ಮ ಸಂಘಟನೆಯ ಸದಸ್ಯರೊಬ್ಬರು ಊರಿನಿಂದ ವಾಟ್ಸಾಪ್‌ನಲ್ಲಿ ಬಂದ ಪತ್ರವೊಂದನ್ನು ನಮಗೆ ತೋರಿಸಿದರು. ಹದಿನೇಳು ವರ್ಷ ಇಲ್ಲಿ ದುಡಿದು ಉಳಿಸಿದ ಹಣ ಹಾಕಿ, ತಮ್ಮನ ಹೆಸರಿನಲ್ಲಿ ಸ್ಥಳೀಯ ಸಂಸ್ಥೆಯೊಂದರ ಸಂತೆ ಸುಂಕ ವಸೂಲಿಯ ಗುತ್ತಿಗೆಯನ್ನು ಏಲಂನಲ್ಲಿ ಹಿಡಿದಿದ್ದರು. ಪತ್ರದಲ್ಲಿದ್ದದ್ದು ಎರಡೇ ಸಾಲು: ಗುತ್ತಿಗೆ ರದ್ದಾಗಿದೆ, ಠೇವಣಿ ಮುಟ್ಟುಗೋಲು ಹಾಕಲಾಗಿದೆ. ಯಾಕೆ ಅಂತ ಇಲ್ಲ. ಮೊದಲು ಒಂದು ನೋಟಿಸೂ ಬಂದಿರಲಿಲ್ಲ. “ಸರಕಾರದವರು ಮಾಡಿದ್ದಲ್ವಾ, ನಾವೇನು ಮಾಡ್ಲಿಕ್ಕೆ ಆಗ್ತದೆ?” ಎಂದು ಅವರು ಕೇಳಿದರು.

ಮಾಡಲಿಕ್ಕೆ ಆಗುತ್ತದೆ. ಅದನ್ನು ಹೇಳಲಿಕ್ಕೇ ಈ ಸಂಪಾದಕೀಯ.

ಒಬ್ಬನಿಗೆ ಶಿಕ್ಷೆ ಕೊಡುವ ಮೊದಲು ಅವನ ಮಾತು ಕೇಳಬೇಕು. ಇದನ್ನು ಕಾನೂನಿನಲ್ಲಿ ಸಹಜ ನ್ಯಾಯ ಎನ್ನುತ್ತಾರೆ. ಇದು ಕೋರ್ಟಿಗೆ ಮಾತ್ರವಲ್ಲ, ಸರಕಾರಿ ಕಚೇರಿಗೂ ಅನ್ವಯಿಸುತ್ತದೆ. ಪಾಸ್‌ಪೋರ್ಟಿನ ಬೆಲೆ ಗೊತ್ತಿರುವ ನಮಗೆ 1978ರ ಮನೇಕಾ ಗಾಂಧಿ ಪ್ರಕರಣ ಬೇಗ ಅರ್ಥವಾದೀತು. ಪಾಸ್‌ಪೋರ್ಟ್ ವಶಪಡಿಸಿಕೊಳ್ಳುವಾಗಲೂ ಸಂಬಂಧಪಟ್ಟವರ ಮಾತಿಗೆ ಅವಕಾಶ ಇರಬೇಕು ಎಂದು ಅಂದು ಸುಪ್ರೀಂ ಕೋರ್ಟ್ ಹೇಳಿತು.

ಗುತ್ತಿಗೆದಾರರ ವಿಷಯದಲ್ಲಿ ಅದಕ್ಕಿಂತಲೂ ಮೊದಲೇ, 1974ರಲ್ಲಿ, ಎರೂಷಿಯನ್ ಇಕ್ವಿಪ್‌ಮೆಂಟ್ ಪ್ರಕರಣದಲ್ಲಿ ಇದೇ ಮಾತು ಬಂದಿತ್ತು: ಅಹವಾಲು ಕೇಳದೆ ಯಾರನ್ನೂ ಕಪ್ಪುಪಟ್ಟಿಗೆ ಸೇರಿಸುವಂತಿಲ್ಲ. 2020ರಲ್ಲಿ ಭಾರತೀಯ ಆಹಾರ ನಿಗಮ ಒಂದು ಕಂಪನಿಯನ್ನು ಐದು ವರ್ಷ ಕಪ್ಪುಪಟ್ಟಿಗೆ ಹಾಕಿದ್ದನ್ನು ಕೋರ್ಟ್ ರದ್ದು ಮಾಡಿತು. ಕಂಪನಿಗೆ ನೋಟಿಸ್ ಹೋಗಿತ್ತು. ಆದರೆ ಅದರಲ್ಲಿ ಕಪ್ಪುಪಟ್ಟಿಯ ಮಾತೇ ಇರಲಿಲ್ಲ. ಯಾವ ಕ್ರಮ ಅಂತ ಹೇಳದಿದ್ದರೆ ಉತ್ತರ ಕೊಡುವುದಾದರೂ ಯಾವುದಕ್ಕೆ?

2024ರ ಜುಲೈಯಲ್ಲಿ ಕೋಲ್ಕತ್ತಾದ ಎರಡು ಅಂಡರ್‌ಪಾಸ್‌ಗಳ ನಿರ್ವಹಣೆಯ ಟೆಂಡರ್ ಸುಪ್ರೀಂ ಕೋರ್ಟಿಗೆ ಬಂತು. ಅಲ್ಲಿನ ಅಭಿವೃದ್ಧಿ ಪ್ರಾಧಿಕಾರ ಅದನ್ನು ರದ್ದು ಮಾಡಿದ್ದು ಸ್ವೇಚ್ಛೆಯ ಕ್ರಮ ಎಂದು ಕೋರ್ಟ್ ಹೇಳಿತು. ಬೇರೆಯವರಿಂದ ಹೆಚ್ಚು ಹಣ ಬರಬಹುದು ಎಂಬುದೊಂದೇ ಸಾರ್ವಜನಿಕ ಹಿತವಾಗುವುದಿಲ್ಲ. ಸರಕಾರ ಕೊಟ್ಟ ಮಾತಿನ ಮೇಲಿನ ಭರವಸೆಯೂ ಸಾರ್ವಜನಿಕ ಹಿತವೇ.

ಹಾಗಂತ ಗುತ್ತಿಗೆ ರದ್ದು ಮಾಡಲೇಬಾರದು ಎಂದಲ್ಲ. ಕಂತು ಕಟ್ಟದಿದ್ದರೆ, ಕೆಲಸ ಹಾಳು ಮಾಡಿದರೆ, ಸುಳ್ಳು ದಾಖಲೆ ಕೊಟ್ಟರೆ ರದ್ದಾಗಲೇಬೇಕು. ಅದು ಜನರ ದುಡ್ಡು. ನಾವು ಕೇಳುವುದು ಇಷ್ಟೇ: ಆರೋಪ ಏನೆಂದು ಬರೆದು ತಿಳಿಸಿ, ಉತ್ತರಕ್ಕೆ ಸಮಯ ಕೊಡಿ, ಉತ್ತರ ಓದಿ, ಕಾರಣ ಸಹಿತ ಆದೇಶ ಮಾಡಿ.

ನಮ್ಮ ಕಡೆಯ ತಪ್ಪನ್ನೂ ಒಪ್ಪಿಕೊಳ್ಳೋಣ. ನೋಟಿಸ್ ಬಂದರೆ ನಮ್ಮವರು ಮೊದಲು ಓಡುವುದು ಪರಿಚಯದ ಪುಢಾರಿಯ ಮನೆಗೆ. “ನಾನು ಮಾತಾಡ್ತೇನೆ” ಎಂಬ ಆಶ್ವಾಸನೆಯಲ್ಲಿ ಉತ್ತರದ ಗಡುವು ಮುಗಿದು ಹೋಗುತ್ತದೆ. ಆಮೇಲೆ “ನಮ್ಮನ್ನು ಕೇಳಲೇ ಇಲ್ಲ” ಎನ್ನಲು ಬಾಯಿ ಇರುವುದಿಲ್ಲ. ದಿನವೂ ಲೆಕ್ಕಪತ್ರದ ನಡುವೆ ಇರುವ ನಮಗೆ ಗೊತ್ತಿರುವ ಸತ್ಯ ಒಂದೇ: ಕಾಗದದಲ್ಲಿ ಇಲ್ಲದ್ದು ಲೆಕ್ಕಕ್ಕಿಲ್ಲ.

ಆದ್ದರಿಂದ ಊರಿನಲ್ಲಿರುವ ತಮ್ಮನಿಗೋ ಮಗನಿಗೋ ಇವತ್ತೇ ಫೋನ್ ಮಾಡಿ ಹೇಳಿ. ಕರಾರುಪತ್ರ, ಠೇವಣಿ ರಶೀದಿ, ಕಂತು ಕಟ್ಟಿದ ಚಲನ್ ಒಂದೇ ಫೈಲಿನಲ್ಲಿರಲಿ. ಒಂದು ಪ್ರತಿ ನಿಮ್ಮ ಬಳಿಯೂ ಇರಲಿ. ನೋಟಿಸಿಗೆ ಗಡುವಿನೊಳಗೆ ಲಿಖಿತ ಉತ್ತರ ಕೊಟ್ಟು ಸ್ವೀಕೃತಿ ಪಡೆಯಿರಿ. ಕಾರಣ ಹೇಳದೆ ರದ್ದು ಮಾಡಿದರೆ ಮಾಹಿತಿ ಹಕ್ಕಿನಡಿ ಕಡತದ ಪ್ರತಿ ಕೇಳಿ. ಅದಕ್ಕೆ 30 ದಿನದೊಳಗೆ ಉತ್ತರ ಕೊಡಬೇಕೆಂಬುದು ನಿಯಮ. ಆದರೆ ಅದಕ್ಕೆ ಕಾಯುತ್ತಾ ಕೂರದೆ ಕೂಡಲೇ ವಕೀಲರನ್ನು ಕಾಣಿ. ಅನ್ಯಾಯ ಸ್ಪಷ್ಟವಿದ್ದರೆ ಹೈಕೋರ್ಟಿಗೆ ರಿಟ್ ಅರ್ಜಿಯ ದಾರಿ ಇದೆ.

ಆ ಸಹೋದರರ ತಮ್ಮ ಈಗ ಲಿಖಿತ ಆಕ್ಷೇಪಣೆ ಸಲ್ಲಿಸಿದ್ದಾರೆ. ಫಲ ಏನಾಗುತ್ತದೋ ಕಾದು ನೋಡಬೇಕು. ಹದಿನೇಳು ವರ್ಷದ ಬೆವರನ್ನು ಎರಡು ಸಾಲಿನಲ್ಲಿ ಅಳಿಸುವ ಮೊದಲು ಒಂದು ಮಾತು ಕೇಳಿ ಎನ್ನುವುದು ಭಿಕ್ಷೆಯಲ್ಲ, ಹಕ್ಕು.

- ಸಂಪಾದಕ