ಎರಡನೆಯ ಆಟದ ಪ್ರೇಕ್ಷಕ

ರಾತ್ರಿ ಎರಡನೆಯ ಆಟಕ್ಕೆ ಹೋಗುವ ವಿದ್ಯಾರ್ಥಿ ಕೆಟ್ಟನೆಂದೇ ಲೆಕ್ಕ ಎಂಬ ಮಾತು ನಮ್ಮ ಹಿರಿಯರಲ್ಲಿ ಇಂದಿಗೂ ಉಂಟು. ಈ ಮಾತನ್ನು ವಿನಯದಿಂದಲೇ ಅಲ್ಲಗಳೆಯಬಯಸುತ್ತೇನೆ.

ಹಿಂದಿನ ಟೂರಿಂಗ್ ಟಾಕೀಸಿನ ಡೇರೆಯಲ್ಲಿ ಹಗಲು ಬೆಳಕಿಗೆ ತೆರೆಯ ಮೇಲಿನ ಚಿತ್ರ ಕಾಣುತ್ತಿರಲಿಲ್ಲ. ಆದುದರಿಂದ ಕತ್ತಲಾದ ಮೇಲೆಯೇ ಮೊದಲನೆಯ ಆಟ. ಅದು ಮುಗಿದ ಮೇಲೆ ಎರಡನೆಯದು. ಕಂಪ್ಲಿಯ ಗದ್ದೆಯಲ್ಲಿ ನಾಟಿ ಮಾಡಿದವರು, ಸಂಡೂರಿನ ಗಣಿಯಲ್ಲಿ ದುಡಿದವರು ಉಂಡು ನೆಮ್ಮದಿಯಾಗಿ ಕೂರಲು ಒದಗುವ ಹೊತ್ತು ಅದು. ಮೆಚ್ಚಿದ ಚಿತ್ರವನ್ನು ಹತ್ತು ಸಲ ನೋಡಿ ಬದುಕಿಸುವವರು ಇಂಥ ಪ್ರೇಕ್ಷಕರೇ. 1995ರಲ್ಲಿ ಬಂದ ಉಪೇಂದ್ರರ 'ಓಂ' ವರ್ಷಗಟ್ಟಲೆ ಮತ್ತೆ ಮತ್ತೆ ತೆರೆ ಕಂಡದ್ದು ಪಂಡಿತರ ಹೊಗಳಿಕೆಯಿಂದಲ್ಲ, ಇವರ ಟಿಕೇಟಿನ ಹಣದಿಂದ.

ಅಲ್ಪ ಬಂಡವಾಳದ ಚಿತ್ರಕ್ಕಂತೂ ಈ ಪ್ರೇಕ್ಷಕನೇ ಆಧಾರ. 2013ರ 'ಲೂಸಿಯಾ'ಕ್ಕೆ ನಿರ್ದೇಶಕ ಪವನ್ ಕುಮಾರರು ಜನರಿಂದಲೇ ಹಣ ಕೂಡಿಸಿದರು. ಅದರ ನಾಯಕನೂ ಟಾಕೀಸಿನಲ್ಲಿ ಟಾರ್ಚು ಹಿಡಿದು ಜಾಗ ತೋರಿಸುವ, ನಿದ್ರೆ ಬಾರದ ಹುಡುಗ! ರಾಮ್ ರೆಡ್ಡಿಯವರ 'ತಿಥಿ'ಯಲ್ಲಿ ಮಂಡ್ಯದ ಕಡೆಯ ಹಳ್ಳಿಗರೇ ಪಾತ್ರಧಾರಿಗಳು. 2015ರಲ್ಲಿ ಅದು ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ ಪ್ರಶಸ್ತಿ ಗಳಿಸಿತು.

ಹಂಪಿಯ ಕಲ್ಲುಮಂಟಪಗಳ ಮುಂದೆ ಹಾಡು ಚಿತ್ರಿಸಿಕೊಂಡು ಹೋಗುವವರಿಗೆ ಕೊರತೆಯಿಲ್ಲ. ಆದರೆ ನಮ್ಮ ಗಣಿಯ ಕೆಂಪು ಧೂಳು, ಕಾಲುವೆಯ ನೀರಿನ ಸರದಿ, ನಮ್ಮ ಆಡುಮಾತು, ಇವು ತೆರೆಗೆ ಬರಬೇಕಾದರೆ ಅಲ್ಪ ಬಂಡವಾಳದ ಚಿತ್ರದಿಂದಲೇ ಬರಬೇಕು. ಅದನ್ನು ಕೂಡಿ ನೋಡುವವರು ನಾವಾಗದಿದ್ದರೆ ಮತ್ತಾರು? ಇಂದು ನಡುರಾತ್ರಿಯ ಪ್ರೇಕ್ಷಕ ಇಲ್ಲವಾಗಿಲ್ಲ. ಮೊಬೈಲು ಹಿಡಿದು ಹಾಸಿಗೆಯಲ್ಲಿ ಒಂಟಿಯಾಗಿದ್ದಾನೆ. ಒಂಟಿಯಾಗಿ ನೋಡಿದವನಿಗೆ ವಾದಿಸಲು ಪಕ್ಕದಲ್ಲಿ ಯಾರೂ ಇಲ್ಲ.

ಓದು ಕೆಡುತ್ತದೆಂಬ ಅಧ್ಯಾಪಕರ ಆತಂಕ ನಿಜವಾದುದೇ. ಅದಕ್ಕಿಂತ ದೊಡ್ಡ ಆಕ್ಷೇಪವೊಂದಿದೆ: ಎರಡನೆಯ ಆಟ ಎಂದೂ ನಮ್ಮ ಸೋದರಿಯರದಾಗಿರಲಿಲ್ಲ. ಆಟ ಮುಗಿಯುವ ಹೊತ್ತಿಗೆ ಬಸ್ಸಿಲ್ಲ, ಹಾಸ್ಟೆಲಿನ ಬಾಗಿಲು ಮುಚ್ಚಿರುತ್ತದೆ. ಅರ್ಧ ತರಗತಿಯನ್ನು ಹೊರಗಿಟ್ಟ ಸಂತೋಷ ಪೂರ್ಣವೆನಿಸದು.

ಆದುದರಿಂದ ನನ್ನ ಸೂಚನೆ ಇಷ್ಟೆ. ತಿಂಗಳಿಗೊಂದು ಶನಿವಾರ ಸಂಜೆ ನಮ್ಮ ಕಾಲೇಜಿನ ಸಭಾಂಗಣದಲ್ಲಿ, ಹಕ್ಕುದಾರರ ಅನುಮತಿ ಪಡೆದು, ಒಂದು ಅಲ್ಪ ವೆಚ್ಚದ ಕನ್ನಡ ಚಿತ್ರವನ್ನು ತೋರಿಸಲಿ. ಬಳಿಕ ಅರ್ಧ ಗಂಟೆ ಚರ್ಚೆ ನಡೆಯಲಿ. ಕೊನೆಯ ಬಸ್ಸಿಗೆ ಮೊದಲೇ ಎಲ್ಲರೂ ಮನೆ ಸೇರಬಹುದು. ಗುರುಗಳು ಮುಂದಿನ ಸಾಲಿನಲ್ಲಿ ಕೂತರೆ ಎರಡನೆಯ ಆಟಕ್ಕೆ ಅಂಟಿದ ಅಪವಾದವೂ ತಾನಾಗಿ ಕಳೆಯುವುದು.