ಉಂಡ ಮನೆಯ ಎದುರಿಗೆ

ಪೈರಿನ ಸೊಬಗನ್ನು ಹೊಗಳುವವರು ಬೇಲಿಯನ್ನು ನೆನೆಯುವುದಿಲ್ಲ. ದನ ನುಗ್ಗಿದ ದಿನ ಮಾತ್ರ ಬೈಗುಳವೆಲ್ಲ ಬೇಲಿಗೆ. ಕಾಲ್ಚೆಂಡಾಟದಲ್ಲಿ ಹಿಂಬದಿಯನ್ನು ಕಾಯುವ ಆಟಗಾರನ ಪಾಡೂ ಇಂಥದೇ. ಗೋಲು ಹೊಡೆದವನ ಭಾವಚಿತ್ರ ಮರುದಿನದ ಪತ್ರಿಕೆಯನ್ನು ಅಲಂಕರಿಸುತ್ತದೆ. ಹತ್ತು ಗೋಲುಗಳಾಗದಂತೆ ತಡೆದವನ ಹೆಸರನ್ನು ಹುಡುಕಬೇಕಾದರೆ ಓದುಗರು ಕನ್ನಡಕ ಹಾಕಿಕೊಳ್ಳಬೇಕು. ಅದರ ಮೇಲೆ ಆತ ಪರದೇಶದಲ್ಲಿ ಸಂಬಳಕ್ಕೆ ಆಡುವವನಾದರೆ? ಗೆದ್ದರೆ ಹಣ ಕೊಟ್ಟವರ ಜಯ; ಸೋತರೆ ಪರಕೀಯನ ತಪ್ಪು.

ಇಂಥ ಬಾಳನ್ನು ಹತ್ತಕ್ಕೂ ಹೆಚ್ಚು ವರ್ಷ ಬಾಳಿ, ಒಂದೇ ಒಂದು ಸಂಜೆ ಬೇಲಿ ಎದ್ದು ನಡೆಯಿತೆಂಬಂತೆ ಜಗತ್ತನ್ನೇ ಬೆರಗುಗೊಳಿಸಿದವನು ಜರ್ಮನಿಯ ಕಾರ್ಲ್‌ಹೈನ್ಸ್ ಷ್ನೆಲ್ಲಿಂಗರ್. ನಾಲಗೆಗೆ ತೊಡಕಿನ ಹೆಸರು, ವಾಚಕರು ಕ್ಷಮಿಸಬೇಕು.

ಈತ 1939ರಲ್ಲಿ ಕಲೋನ್ ನಗರದ ಸಮೀಪದ ಡ್ಯೂರೆನ್ ಎಂಬ ಊರಿನಲ್ಲಿ ಹುಟ್ಟಿದ. ಹೊಂಬಣ್ಣದ ಕೂದಲು, ದೃಢವಾದ ಮೈಕಟ್ಟು. ಹತ್ತೊಂಬತ್ತನೆಯ ವಯಸ್ಸಿಗೇ, 1958ರಲ್ಲಿ, ಸ್ವೀಡನ್ನಿನ ವಿಶ್ವಕಪ್ ಪಂದ್ಯಗಳಿಗೆ ಪಶ್ಚಿಮ ಜರ್ಮನಿಯ ತಂಡದಲ್ಲಿ ಹೋಗಿಬಂದ. 1962ರಲ್ಲಿ ಅವನ ಕಲೋನ್ ತಂಡ ರಾಷ್ಟ್ರದ ಚಾಂಪಿಯನ್ ಆಯಿತು. ಆ ವರ್ಷದ ಶ್ರೇಷ್ಠ ಆಟಗಾರನೆಂಬ ಮನ್ನಣೆಯೂ ಅವನಿಗೇ ದೊರೆಯಿತು. ಆದರೆ ಮನ್ನಣೆಯಿಂದ ಮಡಕೆ ಕಾಯುವುದಿಲ್ಲವಷ್ಟೆ. ಅಂದಿನ ಜರ್ಮನಿಯಲ್ಲಿ ಆಟಗಾರರ ಸಂಬಳಕ್ಕೆ ಕಟ್ಟುನಿಟ್ಟಾದ ಮಿತಿಯಿತ್ತು. ಇಡೀ ದೇಶಕ್ಕೆ ಒಂದಾಗಿ ವೃತ್ತಿಪರ ಲೀಗ್ ಆರಂಭವಾದದ್ದು 1963ರ ಆಗಸ್ಟಿನಲ್ಲಿ. ಅದೇ ಬೇಸಗೆಯಲ್ಲಿ ಷ್ನೆಲ್ಲಿಂಗರ್ ಇಟಲಿಗೆ ಹೊರಟುಹೋದ. ಹೊಸ ಲೀಗಿನ ಮೊದಲ ಪ್ರಶಸ್ತಿಯನ್ನು ಗೆದ್ದದ್ದು ಅವನು ಬಿಟ್ಟುಹೋದ ಕಲೋನ್ ತಂಡವೇ!

ಇಟಲಿಯಲ್ಲಿ ಅವನಿಗೆ ಹೂವಿನ ಹಾಸಿಗೆಯೇನೂ ಕಾದಿರಲಿಲ್ಲ. ಮೊದಲ ವರ್ಷ ಮಾಂಟುವಾ ಎಂಬ ಸಣ್ಣ ಊರಿನ ತಂಡ. ಮುಂದಿನ ವರ್ಷ ರೋಮಾ. ಹೆಸರು ಮಾತ್ರ ದೊಡ್ಡದು. ಆ ಸಂಘದ ಬೊಕ್ಕಸ ಎಷ್ಟು ಬರಿದಾಗಿತ್ತೆಂದರೆ, ಅಭಿಮಾನಿಗಳನ್ನು ಸಿಸ್ಟೀನಾ ನಾಟಕಶಾಲೆಯಲ್ಲಿ ಸೇರಿಸಿ ಚಂದಾ ಎತ್ತಬೇಕಾಯಿತು. ಕೊನೆಗೆ 1965ರಲ್ಲಿ ಮಿಲಾನ್ ಸಂಘ ಅವನನ್ನು ಕೊಂಡಿತು; ಒಂಬತ್ತು ವರ್ಷಗಳ ನೆಲೆ ದೊರೆಯಿತು.

ಮರು ವರ್ಷವೇ ಒಂದು ವಿಚಿತ್ರ ನಡೆಯಿತು. 1966ರ ವಿಶ್ವಕಪ್ಪಿನಲ್ಲಿ ಇಟಲಿ ಉತ್ತರ ಕೊರಿಯಾಕ್ಕೆ ಸೋತು ತಲೆ ತಗ್ಗಿಸಿ ಮನೆಗೆ ಮರಳಿತು. ಕುಣಿಯಲಾರದವನು ನೆಲ ಡೊಂಕೆಂದಂತೆ, ದೋಷವನ್ನು ವಿದೇಶೀ ಆಟಗಾರರ ತಲೆಗೆ ಕಟ್ಟಿ, ಇನ್ನು ಮುಂದೆ ಹೊರಗಿನವರನ್ನು ತರಕೂಡದೆಂದು ಅಲ್ಲಿನ ಮಂಡಲಿ ಬಾಗಿಲು ಹಾಕಿತು. ಆ ಬಾಗಿಲು ಮತ್ತೆ ತೆರೆದದ್ದು 1980ರಲ್ಲಿ. ಒಳಗಿದ್ದವರು ಮಾತ್ರ ಇರಬಹುದಾಗಿತ್ತು. ಹೀಗೆ ಬೇಡವೆಂದ ಜನಾಂಗದ ಉಳಿದ ಕೆಲವರಲ್ಲಿ ಒಬ್ಬನಾಗಿ ಷ್ನೆಲ್ಲಿಂಗರ್ ಉಳಿದ.

ಉಳಿದು ಮಾಡಿದ್ದೇನು? ಮಿಲಾನಿನ ಗುರು ನೆರೆಯೊ ರೊಕ್ಕೊ ‘ಕತೆನಾಚೊ’ ಪದ್ಧತಿಯ ಪ್ರವೀಣ. ಆ ಮಾತಿಗೆ ಬಾಗಿಲ ಅಗುಳಿ ಎಂದರ್ಥ. ಎದುರಾಳಿಯ ಒಬ್ಬೊಬ್ಬ ಮುಂದಾಳಿಗೂ ನೆರಳಿನಂತೆ ಒಬ್ಬೊಬ್ಬ ಕಾವಲುಗಾರ. ಅವರೆಲ್ಲರ ಹಿಂದೆ, ಯಾರ ನೆರಳೂ ಆಗದೆ, ತಪ್ಪಿಬಂದ ಚೆಂಡನ್ನು ಹಿಡಿಯಲು ಇನ್ನೊಬ್ಬ. ಷ್ನೆಲ್ಲಿಂಗರ್ ಮೊದಲು ಎಡಬದಿಯ ಕಾವಲುಗಾರನಾಗಿ, ಮುಂದೆ ಆ ಕಡೆಯ ಕಾವಲುಗಾರನಾಗಿ ಆಡಿದ. ಕೆಟ್ಟು ನಿಲ್ಲದೆ ದುಡಿಯುವ ಅವನನ್ನು ಇಟಲಿಯ ಜನ ಅಕ್ಕರೆಯಿಂದ ‘ಫೋಕ್ಸ್‌ವಾಗನ್’ ಎಂದು ಕರೆದರು. 1968ರಲ್ಲಿ ಮಿಲಾನ್ ಇಟಲಿಯ ಲೀಗ್ ಗೆದ್ದಿತು. 1969ರ ಮೇ ತಿಂಗಳಲ್ಲಿ ಮ್ಯಾಡ್ರಿಡ್ಡಿನಲ್ಲಿ ಆಯಾಕ್ಸ್ ತಂಡವನ್ನು 4-1ರಿಂದ ಸೋಲಿಸಿ ಯೂರೋಪ್ ಕಪ್ಪನ್ನೂ ಎತ್ತಿತು. ಮೂರು ಗೋಲು ಹೊಡೆದ ಪ್ರಾತಿಯ ಹೆಸರು ಎಲ್ಲರ ಬಾಯಲ್ಲಿ. ಬೇಲಿಯ ಮಾತನ್ನು ಆಗಲೇ ಆಡಿಯಾಗಿದೆ.

ಈಗ ಆ ಸಂಜೆ. 1970ರ ಜೂನ್ 17, ಮೆಕ್ಸಿಕೊ ನಗರದ ಅಜ್ಟೆಕಾ ಕ್ರೀಡಾಂಗಣ. ಸಮುದ್ರಮಟ್ಟಕ್ಕಿಂತ ಎರಡು ಸಾವಿರ ಮೀಟರಿಗೂ ಎತ್ತರದ ಊರು. ಅಲ್ಲಿ ಓಡುವವನಿಗೆ ಉಸಿರೇ ಸಾಲದು. ವಿಶ್ವಕಪ್ಪಿನ ಉಪಾಂತ್ಯ ಪಂದ್ಯದಲ್ಲಿ ಇಟಲಿಗೆ ಎದುರು ಪಶ್ಚಿಮ ಜರ್ಮನಿ. ಷ್ನೆಲ್ಲಿಂಗರನ ಪಾಲಿಗೆ ಅದು ಉಂಡ ಮನೆಗೂ ಹುಟ್ಟಿದ ಮನೆಗೂ ನಡೆದ ವ್ಯಾಜ್ಯ. ಮಿಲಾನಿನಲ್ಲಿ ಅವನ ಜೊತೆಗೇ ಆಡುವ ರೊಸಾತೊ ಎದುರು ಪಕ್ಷದಲ್ಲಿದ್ದ. ವಿರಾಮದ ನಂತರ ರಿವೇರಾ ಕೂಡ ಬಂದು ನಿಂತ.

ಎಂಟನೆಯ ನಿಮಿಷದಲ್ಲೇ ಬೊನಿನ್‌ಸೇನ್ಯಾ ಇಟಲಿಗೆ ಒಂದು ಗೋಲು ಗಳಿಸಿಕೊಟ್ಟ. ಆಮೇಲೆ ಅಗುಳಿ ಬಿತ್ತು. ಜರ್ಮನರು ತಲೆ ಚಚ್ಚಿಕೊಂಡರೂ ಬಾಗಿಲು ಕದಲಲಿಲ್ಲ. ಬೆಕೆನ್‌ಬೌವರನ ಭುಜಕ್ಕೆ ಪೆಟ್ಟಾಯಿತು. ಬದಲಿ ಆಟಗಾರರು ಮುಗಿದಿದ್ದರಿಂದ ತೋಳನ್ನು ಎದೆಗೆ ಕಟ್ಟಿಸಿಕೊಂಡೇ ಆಡಿದ. ತೊಂಬತ್ತು ನಿಮಿಷ ತುಂಬಿತು. ಪೋಲಾದ ಹೊತ್ತಿಗೆಂದು ರೆಫರಿ ಸೇರಿಸಿದ ಕೆಲವು ಕ್ಷಣಗಳಷ್ಟೆ ಮಿಕ್ಕವು. ಆಗ ಎಡಗಡೆಯಿಂದ ಗ್ರಾಬೊವ್‌ಸ್ಕಿ ಚೆಂಡನ್ನು ಗೋಲಿನ ಮುಂದಕ್ಕೆ ಕಳುಹಿಸಿದ. ಅಲ್ಲಿ ಕಾಲು ಚಾಚಿ ಚೆಂಡನ್ನು ಬಲೆಯೊಳಕ್ಕೆ ನೂಕಿದವನು ಷ್ನೆಲ್ಲಿಂಗರ್!

ಜರ್ಮನ್ ದೂರದರ್ಶನದ ವೀಕ್ಷಕ ವಿವರಣೆಗಾರ ಎರ್ನ್ಸ್ಟ್ ಹೂಬರ್ಟಿ, ‘ಇವನೇ ಆಗಬೇಕಿತ್ತೇ ಎಂದು ಇಟಲಿಯವರು ಹೇಳಿಯಾರು’ ಎಂಬರ್ಥದ ಮಾತನ್ನಾಡಿದ. ಜರ್ಮನಿಯಲ್ಲಿ ಅದು ಗಾದೆಯಂತೆ ಉಳಿದುಬಿಟ್ಟಿತು. ದೇಶಕ್ಕಾಗಿ ಆಡಿದ ನಲವತ್ತೇಳು ಪಂದ್ಯಗಳಲ್ಲಿ ಷ್ನೆಲ್ಲಿಂಗರ್ ಹೊಡೆದ ಗೋಲು ಅದೊಂದೇ. ಎದುರಾಳಿಯ ಗೋಲಿನ ಬಳಿ ನಿನಗೇನು ಕೆಲಸವಿತ್ತೆಂದು ಕೇಳಿದವರಿಗೆ, ಉಡುಪು ಬದಲಿಸುವ ಕೋಣೆಯ ದಾರಿ ಆ ಕಡೆಗಿತ್ತು, ಆಟ ಮುಗಿಯಿತೆಂದು ಹೊರಟಿದ್ದೆ ಎಂದು ಆತ ಹೇಳುತ್ತಿದ್ದುದುಂಟು. ನಂಬುವುದು ಬಿಡುವುದು ವಾಚಕರಿಗೆ ಬಿಟ್ಟದ್ದು. ನನಗಂತೂ ಆ ಉತ್ತರದಲ್ಲಿ ಹಾಸ್ಯಕ್ಕಿಂತ ಸಂಕೋಚವೇ ಹೆಚ್ಚಾಗಿ ಕಾಣುತ್ತದೆ.

ಹೆಚ್ಚಿನ ಅರ್ಧ ಗಂಟೆಯಲ್ಲಿ ಐದು ಗೋಲುಗಳಾದವು. ಮ್ಯುಲ್ಲರ್ ಪಂದ್ಯವನ್ನು 3-3ಕ್ಕೆ ತಂದಾಗ ಚೆಂಡು ಸಾಗಿದ್ದು ಗೋಲುಕಂಬದ ಬಳಿ ಕಾವಲಿದ್ದ ರಿವೇರಾನ ಪಕ್ಕದಿಂದಲೇ. ಗೋಲಿ ಆಲ್ಬೆರ್ತೊಸಿ ಅವನನ್ನು ಬಾಯಿಗೆ ಬಂದಂತೆ ಬೈದ. ಒಂದು ನಿಮಿಷ ಕಳೆಯುವಷ್ಟರಲ್ಲಿ ಅದೇ ರಿವೇರಾ ಆಚೆಯ ತುದಿಗೆ ಓಡಿ ನಾಲ್ಕನೆಯ ಗೋಲು ಹೊಡೆದ. ಇಟಲಿ ಗೆದ್ದಿತು. ‘ಶತಮಾನದ ಪಂದ್ಯ’ವೆಂದು ಆ ಕ್ರೀಡಾಂಗಣದಲ್ಲಿ ಫಲಕ ಹಾಕಿದ್ದಾರೆ.

ಇಟಲಿ ಸೋತಿದ್ದರೆ ಷ್ನೆಲ್ಲಿಂಗರನ ಗತಿ ಏನಾಗುತ್ತಿತ್ತೋ! ಗೆದ್ದ ಮನೆ ಉದಾರವಾಗಿರುವುದು ಸುಲಭ. ಅದೇನೇ ಇರಲಿ, ಆತ ಮಿಲಾನಿಗೆ ಮರಳಿ ಕೆಂಪು ಕಪ್ಪು ಪಟ್ಟೆಯ ಅಂಗಿ ತೊಟ್ಟ. ರಿವೇರಾನ ಜೊತೆಯಲ್ಲಿ ಮತ್ತೆ ನಾಲ್ಕು ವರ್ಷ ಆಡಿದ. 1974ರಲ್ಲಿ ಜರ್ಮನಿಗೆ ಬಂದು ಬರ್ಲಿನ್ನಿನ ಒಂದು ತಂಡ ಸೇರಿದ. ಒಂದೇ ವರ್ಷ, ಆ ತಂಡ ಮೇಲಿನ ಲೀಗಿನಿಂದ ಕೆಳಕ್ಕೆ ಜಾರಿತು. ಬೂಟು ಕಳಚಿಟ್ಟ ಮೇಲೆ ಅವನು ಡ್ಯೂರೆನ್ನಿಗೆ ಹೋಗಲಿಲ್ಲ, ಕಲೋನಿಗೂ ಹೋಗಲಿಲ್ಲ. ಮಿಲಾನಿನ ಮಗ್ಗುಲಿನ ಸೆಗ್ರಾತೆಯಲ್ಲಿ ಮನೆ ಮಾಡಿಕೊಂಡ. 2024ರ ಮೇ ತಿಂಗಳಲ್ಲಿ, ಎಂಬತ್ತೈದನೆಯ ವಯಸ್ಸಿನಲ್ಲಿ, ಮಿಲಾನಿನಲ್ಲೇ ತೀರಿಕೊಂಡ.